ಔರಾದಿನ ಒಂದೂವರೆ ಇಂಚು

ಡಿಸೆಂಬರ್ 22, 1963, ಭಾನುವಾರ. ಬೆಳಿಗ್ಗೆ 6 ಗಂಟೆ 10 ನಿಮಿಷಕ್ಕೆ ಈ ಪತ್ರಿಕೆಗೆ ಬರೆಯಲು ಕುಳಿತೆ.

ಔರಾದಿನ ನೆರಳನ್ನು ನಾನು ಅಳೆಯಲೇ ಇಲ್ಲ. ಏಳು ವರ್ಷದ ಹಿಂದೆ ಬೀದರಿನಲ್ಲಿ ಮಾಣಿಕಪ್ಪ ಮಾಸ್ತರರ ಮುಂದೆ ನಾನು ಓದಿದ ಅಂಕಿ ಸುಳ್ಳು. ಅದರಿಂದ ಭಾಲ್ಕಿಯ ಶಿಕ್ಷಕಿ ಸಾರಮ್ಮನವರ ಹೆಸರು ಹೋಯಿತು — ಹೋಯಿತು ಎನ್ನುವುದೂ ತಪ್ಪು, ನಾನೇ ಕಳೆದೆ.

ಆಗ ಬೀದರ ಜಿಲ್ಲೆಯವರಾದ ನಾವು ಮೈಸೂರು ರಾಜ್ಯಕ್ಕೆ ಸೇರಿ ಎರಡು ತಿಂಗಳೂ ತುಂಬಿರಲಿಲ್ಲ. ವಿಜ್ಞಾನವನ್ನು ಕನ್ನಡದಲ್ಲಿ ಕಲಿಸುವ ತರಬೇತಿಗೆ ಒಬ್ಬರನ್ನು ಮೈಸೂರಿಗೆ ಕಳಿಸಬೇಕಿತ್ತು. ಹೆಸರು ಸೂಚಿಸುವವರು ಮಾಣಿಕಪ್ಪ ಮಾಸ್ತರರು; ಸಾರಮ್ಮನವರ ಹೆಸರನ್ನೇ ಬರೆದಿಟ್ಟಿದ್ದರು. ಆಗಲೇ ಅವರಿಗೊಂದು ಆಸೆ ಹುಟ್ಟಿತು — ಭೂಮಿಯ ಸುತ್ತಳತೆಯನ್ನು ನಾವೇ ಅಳೆಯಬೇಕು. ಬೀದರಿನಲ್ಲಿ ಅವರು, ಭಾಲ್ಕಿಯಲ್ಲಿ ಸಾರಮ್ಮ, ಔರಾದಿನಲ್ಲಿ ನಾನು ಹತ್ತು ಅಡಿಯ ಕೋಲು ನೆಟ್ಟು ನಡುಮಧ್ಯಾಹ್ನದ ನೆರಳು ಅಳೆಯುವುದು. ಉತ್ತರಕ್ಕೆ ಹೋದಷ್ಟೂ ನೆರಳು ಉದ್ದ. ಎಷ್ಟು ಮೈಲಿಗೆ ಎಷ್ಟು ಹೆಚ್ಚಿತೆಂದು ತಿಳಿದರೆ ಇಡೀ ಭೂಮಿಯ ಲೆಕ್ಕ ಸಿಗುತ್ತದೆ.

ಅಳೆಯಬೇಕಿದ್ದ ಶನಿವಾರ ಕೋಲು ನೆಟ್ಟು, ಹತ್ತು ನಿಮಿಷಕ್ಕೆಂದು ಚಹಾದ ಹೋಟೆಲಿಗೆ ಹೋದೆ. ಔರಾದ ಮೈಸೂರಿಗೆ ಸೇರಿದ್ದು ಸರಿಯೋ ತಪ್ಪೋ ಎಂದು ವಾದ ನಡೆದಿತ್ತು, ನಾನೂ ಸೇರಿಕೊಂಡೆ. ಮರಳಿದಾಗ ಒಂದೂ ಇಪ್ಪತ್ತು, ನಡುಮಧ್ಯಾಹ್ನದ ನೆರಳು ದಾಟಿಹೋಗಿತ್ತು. ಎರಡು ದಿನ ತಡವಾಗಿ ಅಳೆದರೂ ನಡೆಯುತ್ತಿತ್ತು, ಆ ವಾರ ಸೂರ್ಯ ಹೆಚ್ಚು ಸರಿಯುವುದಿಲ್ಲ. ಇನ್ನೆರಡು ದಿನ ಕೇಳಲು ನಾಚಿಕೆ — ಅಷ್ಟೇ.

ಮರುದಿನ ಬೀದರಿಗೆ ಹೋಗುವ ಬಸ್ಸಿನಲ್ಲಿ ಹಿಂದಿನಿಂದ ಲೆಕ್ಕ ಹಾಕಿದೆ. ಪುಸ್ತಕದ ಇಪ್ಪತ್ತೈದು ಸಾವಿರ ಮೈಲಿ ಬರಬೇಕಾದರೆ ನಮ್ಮ ನೆರಳು ಬೀದರಿನದಕ್ಕಿಂತ ಎಷ್ಟು ಉದ್ದವಿರಬೇಕು? ಬಸ್ಸಿನ ದಾರಿ ಇಪ್ಪತ್ತೆಂಟು ಮೈಲಿ. ಉತ್ತರ, ಒಂದೂವರೆ ಇಂಚು. ಮಾಸ್ತರರು ತಮ್ಮ ಅಂಕಿಯನ್ನು ಹಲಗೆಯ ಮೇಲೆ ಬರೆದರು. ನಾನು ಖಾಲಿ ಪುಟ ನೋಡುತ್ತ, ಅದಕ್ಕೆ ಒಂದೂವರೆ ಕೂಡಿಸಿ ಓದಿದೆ. ಅವರೂ ಬಸ್ಸಿನ ಮೈಲಿಯನ್ನೇ ಹಿಡಿದಿದ್ದರು. ಲೆಕ್ಕ ಹೊಂದಿತು.

ಸಾರಮ್ಮನವರದು ಬರೀ ಅರ್ಧ ಇಂಚು ಹೆಚ್ಚು, ಬಸ್ಸಿನ ದಾರಿ ಇಪ್ಪತ್ತೈದು ಮೈಲಿ. ಭೂಮಿ ಅರವತ್ತಾರು ಸಾವಿರ ಮೈಲಿ ಆಯಿತು.

“ಬಾಯಾರ, ನಿಮ್ಮ ಭೂಮಿಯೊಳಗ ನಮ್ಮಂಥಾವು ಎರಡು ಹಿಡಿತಾವಲ್ರಿ,” ಮಾಸ್ತರರು ಸಾರಮ್ಮನವರನ್ನು ನೋಡಿ ನಕ್ಕರು.

“ಮೂರು ದಿನ ಅಳತಿ ಮಾಡೀನ್ರಿ ಸರ. ಮೂರೂ ದಿನ ಅಷ್ಟೇ ಬಂದದ.”

“ಮತ್ತ ಔರಾದದಾಗ ಹ್ಯಾಂಗ ಬರೋಬರಿ ಬಂತ್ರಿ?”

ಸಾರಮ್ಮನವರು ನನ್ನ ಕಡೆ ತಿರುಗಿದರು. ಸಂಶಯವಿರಲಿಲ್ಲ ಆ ಮುಖದಲ್ಲಿ. “ಶರಣಪ್ಪ ಮಾಸ್ತರ, ನೀವು ಗುರ್ತು ಹ್ಯಾಂಗ ಹಾಕಿದ್ರಿ? ನನಗೂ ಜರಾ ಹೇಳ್ರಿ.”

ನಾನು ಹೇಳಿಕೊಟ್ಟೆ. ನೋಡದ ನೆರಳಿಗೆ ಹೇಗೆ ಗುರುತು ಹಾಕಿದೆನೆಂದು, ಹಲಗೆಯ ಮೇಲೆ ಚಿತ್ರ ಬರೆದು… ಅವರು ತಮ್ಮ ನೋಟುಬುಕ್ಕಿನಲ್ಲಿ ಬರೆದುಕೊಂಡರು.

ಮೈಸೂರಿಗೆ ಹೋದದ್ದು ನಾನು. ಅಲ್ಲಿ ಮೂರನೆಯ ವಾರ ತಿಳಿಯಿತು: ಈ ಲೆಕ್ಕಕ್ಕೆ ದಾರಿಯ ಉದ್ದ ಬೇಡ, ನೇರ ಉತ್ತರಕ್ಕೆ ಎಷ್ಟು ದೂರವೋ ಅದು ಮಾತ್ರ. ನಕ್ಷೆ ತೆಗೆದೆ. ಭಾಲ್ಕಿ ಬೀದರಿನ ಪಶ್ಚಿಮಕ್ಕೇ ಹೆಚ್ಚು. ಉತ್ತರಕ್ಕೆ ಸುಮಾರು ಒಂಬತ್ತು ಮೈಲಿ. ಒಂಬತ್ತು ಮೈಲಿಗೆ ಅರ್ಧ ಇಂಚು — ಸುಮಾರು ಇಪ್ಪತ್ತನಾಲ್ಕು ಸಾವಿರ. ಅವರು ಸರಿಯಾಗಿಯೇ ಅಳೆದಿದ್ದರು. ನನ್ನ ಸುಳ್ಳು ಅಷ್ಟು ಚೆನ್ನಾಗಿ ಹೊಂದದಿದ್ದರೆ ಮಾಸ್ತರರು ತಪ್ಪನ್ನು ಮೈಲಿಗಳಲ್ಲಿ ಹುಡುಕುತ್ತಿದ್ದರು. ಅದೇ ವಾರ ಇನ್ನೊಂದು ಪಾಠ: ಭೂಮಿ ಪೂರ್ತಿ ಗುಂಡಗಿಲ್ಲ, ಧ್ರುವಗಳಲ್ಲಿ ತುಸು ಚಪ್ಪಟೆ. ಹೊಂದದ ಅಳತೆಗಳನ್ನು ಎಸೆಯದೆ ಇಟ್ಟುಕೊಂಡವರಿಗೆ ಅದು ತಿಳಿಯಿತಂತೆ. ನಾವು…

ಅಂದಿನಿಂದ ಸಾರಮ್ಮನವರಿಗೆ ಬರೆಯಲು ತೊಡಗಿದ ಕಾಗದ ಹನ್ನೊಂದು. ಅಂಚೆಗೆ ಹಾಕಿದ್ದು ಒಂದೂ ಇಲ್ಲ.

ಹೋದ ಭಾನುವಾರ ಮಾಸ್ತರರಿಗೆ ಎಲ್ಲ ಹೇಳಿದೆ. “ನನಗ ಹೇಳಿ ಏನು ಮಾಡ್ತಿ? ಆಕಿಗಿ ಹೇಳು,” ಎಂದರು. ಭಾಲ್ಕಿಗೆ ಹೋದೆ. ಅವರು ಕೆಲಸ ಬಿಟ್ಟು ನಾಲ್ಕು ವರ್ಷವಾಯಿತಂತೆ. ಕಮಠಾಣದಲ್ಲಿದ್ದಾರೆ ಎಂದರು ಒಬ್ಬರು, ಅಲ್ಲಿಯೂ ಇಲ್ಲ.

ಸಾರಮ್ಮನವರು ಎಲ್ಲಿದ್ದಾರೆಂದು ಬಲ್ಲವರು ಈ ಪತ್ರಿಕೆಯ ವಿಳಾಸಕ್ಕೆ ದಯವಿಟ್ಟು ಒಂದು ಕಾರ್ಡು ಬರೆಯಿರಿ. ತಮ್ಮ ಅಳತೆ ಸರಿಯಿತ್ತೆಂದು ಅವರಿಗೆ ಇನ್ನೂ ಗೊತ್ತಿಲ್ಲ.