ಮ್ಯೂಸಿಯಂ ಮೆಟ್ಟಿಲಲ್ಲಿ ಬಿಟ್ಟ ಚಪ್ಪಲಿ

ಬೊಂಬಾಯಿಯನ್ನು ನಡೆದೇ ನೋಡಬೇಕು ಎಂದವನು ನಮ್ಮ ಕಡೆಯ ಪಂಜ ಊರಿನ ಶೀನಪ್ಪ. ಅವನು ಬೊಂಬಾಯಿಯಲ್ಲೇ ಗೈಡ್ ಕೆಲಸದಲ್ಲಿದ್ದ. ನಾವು ಪುತ್ತೂರಿನ ಐದು ಜನ ಬೆಳಗ್ಗಿನಿಂದ ಅವನ ಹಿಂದೆ ನಡೆದು ನಡೆದು ಸೋತಿದ್ದೆವು. ನನಗೆ ಬೇಕಾದದ್ದು ಒಂದೇ. ಹೆಂಡತಿ ಕೊಟ್ಟ ಹರಕೆಯ ಸೀರೆಯನ್ನು, ಮಧ್ಯಾಹ್ನ ಬಾಗಿಲು ಹಾಕುವ ಮೊದಲು ಕಡಲ ಬದಿಯ ದೇವಿಗೆ ಒಪ್ಪಿಸಬೇಕಿತ್ತು. ಸಂಜೆಗೆ ಊರಿನ ಬಸ್ಸು.

ದಾರಿಯಲ್ಲಿ ಮ್ಯೂಸಿಯಂ ಸಿಕ್ಕಿತು. "ಒಳಗೆ ಹಳೇ ಕಾಲದ ವಿಷ್ಣು ಉಂಟು" ಎಂದು ಶೀನಪ್ಪ ಮುಂದೆ ಹೋದ. ವಿಷ್ಣು ಇದ್ದ ಮೇಲೆ ಮತ್ತೆಂತ? ನಾವೆಲ್ಲ ಮೆಟ್ಟಿಲ ಬದಿಯಲ್ಲಿ ಚಪ್ಪಲಿ ಬಿಟ್ಟು ಒಳಗೆ ಹೋಗಿ ಕೈಮುಗಿದೆವು. ಅವನು ನಮ್ಮನ್ನು ಹಿಂದಿನ ಬಾಗಿಲಿನಿಂದ ಹೊರಗೆ ಕರೆತಂದ. ಕಾದ ಡಾಂಬರಿಗೆ ಕಾಲಿಟ್ಟಾಗಲೇ ಚಪ್ಪಲಿಯ ನೆನಪಾದದ್ದು.

"ಎಂತ ಮಾರಾಯ್ರೆ, ಮ್ಯೂಸಿಯಮಿನಲ್ಲಿ ಯಾರಾದರೂ ಚಪ್ಪಲಿ ಬಿಡುದುಂಟಾ?"

"ದೇವರೆದುರು ಚಪ್ಪಲಿ ಹಾಕಿ ನಿಲ್ಲುದು ಹೇಗೆ ಶೀನಪ್ಪ?"

"ಇಲ್ಲಿಂದ ವಾಪಸ್ ಒಳಗೆ ಬಿಡುದಿಲ್ಲ. ಸುತ್ತಿ ಹೋಗಿ ತರುವಾಗ ದೇವಿಯ ಬಾಗಿಲು ಹಾಕ್ತದೆ. ಯಾವುದು ಬೇಕು, ಹೇಳಿ."

ನಾನು ಸೀರೆಯ ಕಟ್ಟನ್ನು ಎದೆಗೊತ್ತಿಕೊಂಡು ಬರಿಗಾಲಲ್ಲೇ ಹೊರಟೆ. ಉಳಿದವರೂ ಗೊಣಗುತ್ತ, ಕಂಡ ಕಂಡ ನೆರಳಿಗೆ ಹಾರುತ್ತ ಬಂದರು. ತಾಯಿ ದೊಡ್ಡವಳು, ಬಾಗಿಲು ತೆರೆದೇ ಇತ್ತು.

ಸೀರೆ ಒಪ್ಪಿಸಿ, ಉರಿಯುವ ಪಾದಗಳನ್ನು ತಣ್ಣನೆಯ ಕಲ್ಲಿಗೆ ಊರಿ ಕಣ್ಣು ಮುಚ್ಚಿದೆ. ಎಷ್ಟೋ ದೇವಸ್ಥಾನಗಳಿಗೆ ಹೋಗಿದ್ದೇನೆ. ಹೊರಗೆ ಬಿಟ್ಟ ಚಪ್ಪಲಿ ಉಂಟೋ ಇಲ್ಲವೋ ಎಂಬ ಯೋಚನೆ ಇಲ್ಲದೆ ಕೈಮುಗಿದದ್ದು ಮಾತ್ರ ಅದೇ ಮೊದಲು.