‘ಹಿಡಿದೆ’ ಎನ್ನುವ ಮೊದಲು

ಸಮುದ್ರವೇ ಇಲ್ಲದ ಊರನ್ನು ಹುಡುಕಿಕೊಂಡು ಬಂದ ಮನುಷ್ಯ ಎಂದು ನಾಚಾರಂನ ತಾಡಪಾಲು ಶೆಡ್ಡಿನವರು ಚಂದ್ರಹಾಸನನ್ನು ತಮಾಷೆ ಮಾಡುತ್ತಿದ್ದರು. ಅವನು ನಕ್ಕುಬಿಡುತ್ತಿದ್ದ. ನಿಜ ಹೇಳಬೇಕೆಂದರೆ ಅವನು ಹೈದರಾಬಾದಿಗೆ ಬಂದದ್ದು ಶಾರದಾಬಾಯಿಯ ಬೆನ್ನು ಹತ್ತಿ. ಅಯ್ಯೋ, ತಪ್ಪು ತಿಳಿಯಬೇಡಿ! ಆಕೆಯ ಗಂಡ ರಾಮಕೃಷ್ಣನ ಸಾವಿಗೆ ಕಾರಣ ಯಾರೆಂಬುದು ಈ ಭೂಮಿಯ ಮೇಲೆ ಇವನೊಬ್ಬನಿಗೇ ಗೊತ್ತಿತ್ತು. ಆ ಹೆಂಗಸು ಎಲ್ಲಿದ್ದರೆ ಅಲ್ಲೇ ಇವನ ಜೀವ ಸುತ್ತುತ್ತಿತ್ತು.

ರಾಮಕೃಷ್ಣ, ಚಂದ್ರಹಾಸ ಇಬ್ಬರೂ ತದಡಿಯವರು, ಒಂದೇ ಮಂಜಿಯ ಖಲಾಸಿಗಳು. ಮಂಜಿ ಎಂದರೆ ಹಾಯಿ ಕಟ್ಟಿ ಸರಕು ಸಾಗಿಸುವ ಮರದ ಹಡಗು. ಮಂಗಳೂರಿನ ಹಂಚು ತುಂಬಿಕೊಂಡು ಮುಂಬಯಿಗೆ ಹೋಗುವುದು, ಬರುವಾಗ ಉಪ್ಪು, ಈರುಳ್ಳಿ. ದಿನವಿಡೀ ತಳದ ನೀರು ತೋಡಬೇಕು, ಹರಿದ ಹಾಯಿ ಹೊಲಿಯಬೇಕು, ಹಲಗೆಗಳಿಗೆ ಮೀನೆಣ್ಣೆ ತಿಕ್ಕಬೇಕು. ಗಾಳಿ ಬಿದ್ದುಹೋದರೆ ಮೂರು ದಿನ ನಿಂತಲ್ಲೇ ನಿಂತು ಬಾಯಿಗೆ ಬಂದಂತೆ ಗಾಳಿಯನ್ನು ಬೈಯುವುದು. ಎದ್ದರೆ ಬೈಯಲಿಕ್ಕೂ ಪುರುಸೊತ್ತಿಲ್ಲ.

ಚುಕ್ಕಾಣಿಗೆ ಒಂದು ಕಟ್ಟುಪಾಡಿತ್ತು. ಪಾಳಿ ಬದಲಿಸಲು ಬಂದವನು ಚುಕ್ಕಾಣಿಯ ದಂಡಕ್ಕೆ ಎರಡೂ ಕೈ ಹಾಕಿ ‘ಹಿಡಿದೆ’ ಎನ್ನುವ ತನಕ ಮೊದಲಿನವನು ಕೈ ಬಿಡುವಂತಿಲ್ಲ. ಕಣ್ಣಲ್ಲಿ ನೋಡಿದರೆ ಸಾಲದು, ಕಿವಿಯಲ್ಲಿ ಕೇಳಬೇಕು. ಮೊದಲ ದಿನ ಹಡಗು ಹತ್ತಿದವನಿಗೂ ಇದನ್ನು ಕಲಿಸುತ್ತಿದ್ದರು.

ಎಪ್ಪತ್ತನಾಲ್ಕರ ಫೆಬ್ರವರಿ, ರತ್ನಾಗಿರಿಯ ಆಚೆ, ಬೆಳಗ್ಗೆ ಏಳರ ಹೊತ್ತು. ನಾಲ್ಕು ತಾಸು ದಂಡ ಹಿಡಿದು ಚಂದ್ರಹಾಸನ ರಟ್ಟೆ ಸೋತಿತ್ತು. ಅಡುಗೆಯವನು ಚಹಾ ಆಯಿತೆಂದು ಕೂಗಿದ. ರಾಮಕೃಷ್ಣ ತಲೆಗೆ ವಸ್ತ್ರ ಸುತ್ತಿಕೊಳ್ಳುತ್ತ ಬಂದು ಪಕ್ಕದಲ್ಲಿ ನಿಂತ. ಇನ್ನೂ ಕೈ ಹಾಕಿರಲಿಲ್ಲ. ಚಂದ್ರಹಾಸ ಕೈ ಬಿಟ್ಟ. ಅಷ್ಟರಲ್ಲಿ ಅಡ್ಡ ಅಲೆಯೊಂದು ಹೊಡೆಯಿತು. ದಂಡ ರಪ್ಪನೆ ತಿರುಗಿ ರಾಮಕೃಷ್ಣನ ಎದೆಗೆ ಬಡಿದು, ಅವನನ್ನು ಎತ್ತಿ ನೀರಿಗೆ ಎಸೆಯಿತು.

ಹಾಯಿಯ ಹಡಗಿಗೆ ಮೋಟಾರಿನಂತೆ ಬ್ರೇಕಿಲ್ಲ. ಹೊಟ್ಟೆ ತುಂಬ ಹಂಚು, ಮೇಲೆ ತುಂಬಿದ ಗಾಳಿ. ಹಾಯಿ ಇಳಿಸಿ ತಿರುಗಿ ಬರುವಷ್ಟರಲ್ಲಿ ಅರ್ಧ ತಾಸು ಕಳೆದಿತ್ತು. ಅಲ್ಲಿ ಬರೀ ನೀರಿತ್ತು.

ಹಡಗು ನಡೆಸುವ ಮುಖಂಡ ತಾಂಡೇಲ ಒಂದೇ ಪ್ರಶ್ನೆ ಕೇಳಿದ: “ಅವ ‘ಹಿಡಿದೆ’ ಅಂದಿದ್ನಾ?”

“ಅಂದಿದ್ದ,” ಎಂದ ಚಂದ್ರಹಾಸ.

ಮುಗಿಯಿತು. ಸತ್ತವನೇ ಸೋತವನಾದ. ದಂಡ ಹಿಡಿಯಲಿಕ್ಕೂ ಬಾರದವ ಎಂದು ಬಂದರಿನ ತುಂಬ ಆಡಿಕೊಂಡರು. ಆರು ತಿಂಗಳ ಕೂಸು ರವಿಕಿರಣನನ್ನು ಎತ್ತಿಕೊಂಡು ಶಾರದಾಬಾಯಿ ಹೈದರಾಬಾದಿನ ಕುಷಾಯಿಗೂಡದಲ್ಲಿದ್ದ ಅಣ್ಣನ ಮನೆ ಸೇರಿದಳು. ಅಣ್ಣನಿಗೆ ಅಲ್ಲಿನ ಕಾರ್ಖಾನೆಯಲ್ಲಿ ಕೆಲಸ. ಕೆಲವು ವರ್ಷಗಳಲ್ಲಿ ಮಂಜಿಗಳಿಗೆ ಎಂಜಿನ್ ಬಂದು ಹಾಯಿ ಹೊಲಿಯುವವರನ್ನು ಕೇಳುವವರಿಲ್ಲದಾದಾಗ ಚಂದ್ರಹಾಸನೂ ನಾಚಾರಂಗೆ ಬಂದು ತಾಡಪಾಲು ಹೊಲಿಯತೊಡಗಿದ. ಮದುವೆಯಾಗಲಿಲ್ಲ. ಚಹಾ ಮುಟ್ಟಲಿಲ್ಲ. ಪ್ರತಿ ಭಾನುವಾರ ಒಣಮೀನಿನ ಪೊಟ್ಟಣ ಹಿಡಿದು ಆಕೆಯ ಮನೆಗೆ ಹೋಗುತ್ತಿದ್ದ. ಆಕೆ ಪ್ರೀತಿಯಿಂದ “ಅಣ್ಣಾರ” ಎಂದಾಗಲೆಲ್ಲ ಅವನಿಗೆ ನೆಲ ಬಾಯಿಬಿಡಬಾರದೇ ಅನಿಸುತ್ತಿತ್ತು.

ಎರಡು ಸಾವಿರದ ಒಂದರ ಹೊತ್ತಿಗೆ ನಗರದ ಇನ್ನೊಂದು ತುದಿಯ ಮಾದಾಪುರದಲ್ಲಿ ಕಂಪನಿಗಳ ಗಾಜಿನ ಕಟ್ಟಡಗಳು ಒಂದರ ಪಕ್ಕ ಒಂದು ಏಳುತ್ತಿದ್ದವು. ಅವುಗಳಿಗೆ ಹೊದಿಸುವ ತಾಡಪಾಲು ಹೊಲಿದು ಹೊಲಿದು ಶೆಡ್ಡಿನವರಿಗೆ ಉಸಿರು ಬಿಡಲೂ ಬಿಡುವಿರಲಿಲ್ಲ. ಆದರೂ ಅವನು ಭಾನುವಾರ ತಪ್ಪಿಸಲಿಲ್ಲ. ಅಂಥದೊಂದು ಭಾನುವಾರ ಬೆಳಗ್ಗೆ, ಸೋದರಮಾವನ ಕಾರ್ಖಾನೆಗೇ ಸೇರಿದ್ದ ರವಿಕಿರಣ ಓವರ್‌ಟೈಮಿಗೆ ಹೊರಟಿದ್ದ. ಗ್ಯಾಸ್ ಸಿಲಿಂಡರ್ ತರಲಿಲ್ಲವೆಂದು ಹೆಂಡತಿ ಮಾನಸಾ ಅವನ ಮೇಲೆ ಹರಿಹಾಯ್ದಳು. ಅವನ ಸ್ಕೂಟರು ತಿರುವು ದಾಟಿದ ಮೇಲೆ ಶಾರದಾಬಾಯಿ ಸೊಸೆಯನ್ನು ಕರೆದಳು. ಅಲ್ಲಿ ನೆಲೆಸಿದ ಗುಲ್ಬರ್ಗ, ರಾಯಚೂರಿನವರ ನಡುವೆ ಇದ್ದೂ ಇದ್ದೂ ಆಕೆಯ ಮಾತು ಅವರದೇ ಆಗಿತ್ತು.

“ಹೊರಗ ಹೋಗೋ ಮನಿಷ್ಯಾಗ ಹಂಗ ಬೈಬ್ಯಾಡ ಮಾನಸಾ. ನಾ ಬೈದಿದ್ದೆ. ಅವರು ಮಂಜಿ ಹತ್ತೋ ದಿನ ಭಾಳ ಕೆಟ್ಟದಾಗಿ ಬೈದಿದ್ದೆ. ಅದನ್ನ ಮನಸಿನಾಗ ಇಟ್ಕೊಂಡು ಕೈ ಜಾರಿಸ್ಕೊಂಡ್ರು. ನಾನೇ ಕೊಂದೆ ಅವರನ್ನ.”

ಅಕ್ಕಿ ಆರಿಸುತ್ತಲೇ ಆಕೆ ಇದನ್ನು ಹೇಳಿದಳು. ಎದುರಿಗೆ ಕೂತಿದ್ದ ಚಂದ್ರಹಾಸ ತಲೆ ಎತ್ತಿದ. ಒಂದು ಜೀವ ತೆಗೆದೆ, ಅದು ತನ್ನ ಪಾಪ ಎಂದಷ್ಟೇ ಅವನು ಲೆಕ್ಕ ಹಾಕಿದ್ದ. ಪಾಪಿ! ತನ್ನ ಹೊರೆಯನ್ನು ಇಪ್ಪತ್ತೇಳು ವರ್ಷ ಈ ಹೆಂಗಸು ಹೊತ್ತಿದ್ದಳು, ಇವನು ವಾರವಾರ ಬಂದು ಎದುರಿಗೇ ಕೂತು ಉಂಡು ಹೋಗುತ್ತಿದ್ದ.

“ಶಾರದಾಬಾಯಿ,” ಎಂದ. “ಅವ ‘ಹಿಡಿದೆ’ ಅಂದಿರಲಿಲ್ಲ. ಕೈ ಸೈತ ಹಾಕಿರಲಿಲ್ಲ. ಚಹಾದ ಆಸಿಗೆ ನಾನು ಮೊದಲೇ ಬಿಟ್ಟೆ. ತಾಂಡೇಲನ ಮುಂದ ಸುಳ್ಳು ಹೇಳಿದೆ.”

ಆಕೆಯ ಕೈ ಮೊರದಲ್ಲೇ ನಿಂತಿತು. ಆಮೇಲೆ ಕೇಳಿದಳು: “ನೀರಿಗೆ ಬಿದ್ದ ಮ್ಯಾಲ ಕೂಗಿದ್ರೇನು?”

“ಕೂಗಿದ.”

“ಏನಂತ?”

ನಿನ್ನ ಹೆಸರು ಎಂದುಬಿಡೋಣ ಎನಿಸಿತು ಅವನಿಗೆ. ಆಕೆಗೂ ಸಮಾಧಾನ, ತನಗೂ. ಆದರೆ ಇನ್ನೊಂದು ಸುಳ್ಳು ಹೇಳುವ ಶಕ್ತಿ ಉಳಿದಿರಲಿಲ್ಲ. “‘ಚಂದ್ರಾ’ ಅಂತ. ಎರಡು ಸಲ.”

ಬಾಗಿಲು ತೋರಿಸುತ್ತಾಳೆಂದು ಕಾದ. ಆಕೆ ತೋರಿಸಲಿಲ್ಲ.

“ಅಪ್ಪಗ ಕೆಲಸ ಬರ್ತಿರಲಿಲ್ಲ, ಅದಕ್ಕ ಸತ್ತ ಅಂತ ಹೇಳಿ ಮಗನ್ನ ಬೆಳೆಸೀನಿ. ನಾಲ್ಕಕ್ಕ ಬರ್ತಾನ. ಅವನ ಮುಂದ ನೀವೇ ಹೇಳ್ರಿ. ಅಲ್ಲೀತನಕ ಏಳಬ್ಯಾಡ್ರಿ.”

ಚಂದ್ರಹಾಸ ಕೂತ. ಮಧ್ಯಾಹ್ನ ಯಾರೂ ಉಣ್ಣಲಿಲ್ಲ. ನಾಲ್ಕು ದಾಟಿದ ಮೇಲೆ ಸ್ಕೂಟರಿನ ಸದ್ದಾಯಿತು. ರವಿಕಿರಣ ಹೆಲ್ಮೆಟ್ ತೆಗೆಯುತ್ತ ಒಳಗೆ ಬಂದು, ಅವನನ್ನು ಕಂಡು ಮುಖ ಅರಳಿಸಿದ.

“ಮಾಮಾ, ಇನ್ನೂ ಇದ್ದೀರಾ? ಊಟ ಆತೇನ್ರಿ?”