ನಲವತ್ತೊಂದು ಶನಿವಾರಗಳ ಸಹಿ

ಆಕೆಯನ್ನು ನಾನು ಮೊದಲು ಕಂಡದ್ದು ಕಾಲೇಜಿನ ಮುಚ್ಚಿದ ಬಾಗಿಲ ಮುಂದೆ. ಸಂದರ್ಶನವಿದ್ದದ್ದು ಹತ್ತು ಗಂಟೆಗೆ. ಆಕೆ ಎಂಟಕ್ಕೇ ಬಂದು ಮೆಟ್ಟಿಲ ಮೇಲೆ ಕುಳಿತಿದ್ದಳು. ಬೀಗದ ಕೈ ಹಿಡಿದು ಬಂದ ನನ್ನನ್ನು ಕಾವಲುಗಾರನೆಂದು ತಿಳಿದು, "ಅಣ್ಣಾ, ಬೇಗ ತೆಗೀರಿ, ಲ್ಯಾಬ್ ಹೇಗಿದೆ ಅಂತ ಒಂದ್ಸಲ ನೋಡ್ಬೇಕು" ಎಂದಳು. ನಾನು ತೆಪ್ಪಗೆ ಬಾಗಿಲು ತೆಗೆದೆ. ಎರಡು ಗಂಟೆಯ ಬಳಿಕ ಸಂದರ್ಶನದ ಮೇಜಿನಾಚೆ ಪ್ರಾಂಶುಪಾಲನ ಕುರ್ಚಿಯಲ್ಲಿ ನನ್ನನ್ನು ಕಂಡಾಗ ಪಾಪ, ಆಕೆಯ ಮುಖ ಬಿಳಿಚಿಕೊಂಡಿತು.

ರಸಾಯನಶಾಸ್ತ್ರದ ಲ್ಯಾಬಿನಲ್ಲಿ ಪ್ರಯೋಗ ಮಾಡಿಸುವ ಕೆಲಸ ಆಕೆಗೆ ಸಿಕ್ಕಿತು. ಮಕ್ಕಳು ಗಡಿಯಾರ ಮೇಡಂ ಎಂದು ಹೆಸರಿಟ್ಟರು. ಗಂಟೆ ಹೊಡೆಯುವ ಜವಾನ ಕೂಡ ಗೋಡೆಯ ಗಡಿಯಾರವನ್ನು ನಂಬದೆ, ಆಕೆ ವರಾಂಡ ದಾಟುವುದನ್ನು ನೋಡಿ ಗಂಟೆ ಹೊಡೆಯುತ್ತಿದ್ದ.

ಹೀಗೆ ಒಂಬತ್ತು ವರ್ಷ ಕಳೆಯಿತು. ಸ್ನಾತಕೋತ್ತರ ಪದವಿಯಿಲ್ಲದೆ ಉಪನ್ಯಾಸಕಿಯಾಗುವಂತಿರಲಿಲ್ಲ. ಒಂದು ದಿನ ನಮ್ಮ ಆಡಳಿತ ಮಂಡಳಿಯ ಸೇವಾ ನಿಯಮಗಳ ಪುಸ್ತಕವನ್ನು ಎಲ್ಲಿಂದಲೋ ಹೆಕ್ಕಿಕೊಂಡು ನನ್ನ ಬಳಿಗೆ ಓಡಿ ಬಂದಳು.

"ಸಾರ್, ಇಲ್ನೋಡಿ! ಐದು ವರ್ಷ ಸೇವೆ ಆದೋರಿಗೆ ಓದೋಕೆ ಎರಡು ವರ್ಷ ರಜೆ, ಅರ್ಧ ಸಂಬಳ. ವಾಪಸ್ ಬಂದ್ರೆ ಕೆಲಸ ಹಾಗೇ ಇರತ್ತೆ, ಹಳೇ ಸೇವೇನೂ ಉಳಿಯತ್ತೆ. ಇಷ್ಟು ವರ್ಷ ಯಾರೂ ಯಾಕೆ ತಗೊಂಡಿಲ್ಲ?"

"ಆ ಪುಸ್ತಕಾನ ಯಾರೂ ಬಿಚ್ಚಿಲ್ಲ ಕಣಮ್ಮ, ಅದಕ್ಕೆ."

ರಜೆ ಮಂಜೂರಾಯಿತು. ಮನೆಯಲ್ಲಿ ಅತ್ತೆ, "ಹೋಗು, ಮಗೂನ ನಾನು ನೋಡ್ಕೋತೀನಿ. ಫಸ್ಟ್ ಕ್ಲಾಸ್ ಬರ್ಲಿಲ್ಲ ಅಂದ್ರೆ ಮಾತ್ರ ಜೀವನಪೂರ್ತಿ ಪಾತ್ರೆ ನಿಂದೇ" ಎಂದರಂತೆ.

ವಿಶ್ವವಿದ್ಯಾಲಯವಿದ್ದದ್ದು ಬಸ್ಸಿನಲ್ಲಿ ನಾಲ್ಕು ಗಂಟೆಯ ದೂರದಲ್ಲಿ. ವಾರದ ಕೊನೆಗೆ ಊರಿಗೆ ಬರುತ್ತಿದ್ದಳು. ಆಕೆಯ ಬದಲಿಗೆ ಬಂದಿದ್ದ ಪುಣ್ಯಾತ್ಮ ಪ್ರಯೋಗಗಳನ್ನೆಲ್ಲ ಹಲಗೆಯ ಮೇಲೆ ಬರೆದೇ ಮುಗಿಸುತ್ತಿದ್ದ. ಮಕ್ಕಳು ಆಕೆಯ ಬಳಿ ಹೋಗಿ ಗೋಳು ತೋಡಿಕೊಂಡರು. ಅಂದಿನಿಂದ ಆಕೆ ಶನಿವಾರ ಬೆಳಿಗ್ಗೆ ಬಂದು ಲ್ಯಾಬ್ ನಡೆಸತೊಡಗಿದಳು. ಯಾರೂ ಕರೆದಿರಲಿಲ್ಲ, ಅದಕ್ಕೆ ಸಂಬಳವೂ ಇರಲಿಲ್ಲ.

ಹಾಜರಿ ಪುಸ್ತಕ ನನ್ನ ಮೇಜಿನ ಮೇಲಿರುತ್ತಿತ್ತು. ಮೊದಲ ಶನಿವಾರ ಆಕೆ ನಮಸ್ಕಾರ ಹೇಳಿ ಹಾಗೆಯೇ ಮುಂದೆ ಹೋದಳು. ಮೂವತ್ತು ವರ್ಷದ ಅಭ್ಯಾಸಬಲದಿಂದ ನಾನೇ ಪುಸ್ತಕವನ್ನು ಅತ್ತ ತಿರುಗಿಸಿ, "ಸಹಿ ಹಾಕಮ್ಮ, ಇಲ್ಲದಿದ್ರೆ ಗಡಿಯಾರ ನಿಂತೋಯ್ತು ಅಂತಾರೆ" ಎಂದೆ. ನಕ್ಕು ಸಹಿ ಹಾಕಿದಳು. ಆಮೇಲೆ ಹೇಳಬೇಕಾಗಲಿಲ್ಲ, ಬಂದ ಶನಿವಾರವೆಲ್ಲ ತಾನಾಗಿ ಹಾಕುತ್ತಿದ್ದಳು.

ಎರಡು ವರ್ಷವಾಯಿತು. ಮೊದಲ ದರ್ಜೆಯ ಅಂಕಪಟ್ಟಿ ಹಿಡಿದು ಆಕೆ ಕೆಲಸಕ್ಕೆ ಮರಳಿದ ದಿನ ಮಂಡಳಿಯ ಕಾರ್ಯದರ್ಶಿ ನಮ್ಮಿಬ್ಬರನ್ನೂ ಕರೆಸಿದರು. ಮೇಜಿನ ಮೇಲೆ ಹಾಜರಿ ಪುಸ್ತಕ ತೆರೆದಿತ್ತು.

"ರಜೆಯಲ್ಲಿರೋರು ಎಲ್ಲೂ ಕೆಲಸ ಮಾಡಬಾರ್ದು, ಮಾಡಿದ್ರೆ ರಜೆ ರದ್ದು. ಇದು ನಿಯಮ. ಇಲ್ಲಿ ನಲವತ್ತೊಂದು ಸಹಿ ಇದೆ."

"ಸಾರ್, ಅದು ಇಲ್ಲೇ, ನಮ್ಮ ಮಕ್ಕಳಿಗೇ..."

"ಎಲ್ಲೂ ಅಂದ್ರೆ ಇಲ್ಲೂ ಸೇರತ್ತೆ. ರಜೆ ರದ್ದಾದ ಮೇಲೆ ಉಳಿದ ದಿನ ಹೇಳದೆ ಕೇಳದೆ ಗೈರುಹಾಜರಿ. ನಿಮ್ಮ ಕೆಲಸ ಹೋಯ್ತು ಮೇಡಂ."

ಆಕೆ ಕುರ್ಚಿಯ ಬೆನ್ನು ಹಿಡಿದು ನಿಂತಿದ್ದಳು. "ಶನಿವಾರ ನಾನು ಬರ್ದೇ ಇದ್ದಿದ್ರೆ?" ಎಂದು ಕೇಳಿದಳು.

"ಬರ್ದೇ ಇದ್ದಿದ್ರೆ ಏನೂ ಆಗ್ತಿರ್ಲಿಲ್ಲ."

ಆ ಮಾತು ಇಂದಿಗೂ ನನ್ನ ಕಿವಿಯಲ್ಲಿದೆ. ಪುಸ್ತಕವನ್ನು ಹತ್ತಿರಕ್ಕೆ ಎಳೆದುಕೊಂಡು ನೋಡಿದೆ. ಆಕೆಯ ಒಂದೊಂದು ಸಹಿಯಿದ್ದ ಪುಟದ ಕೆಳಗೂ 'ಪರಿಶೀಲಿಸಿದೆ' ಎಂಬ ನನ್ನ ದುಂಡು ಅಕ್ಷರ. ಸಹಿ ಹಾಕಿಸಿದವನು ನಾನೇ ಎಂದೆ. "ನಿಮಗೆ ನಿವೃತ್ತಿ ಹತ್ರ ಬಂತು, ಸುಮ್ನಿರಿ ಮೇಷ್ಟ್ರೇ" ಎಂದರು ಕಾರ್ಯದರ್ಶಿ. ಸುಮ್ಮನಿರಲಾಗಲಿಲ್ಲ, ಅದನ್ನೇ ಅಲ್ಲೇ ಕುಳಿತು ಬರೆದುಕೊಟ್ಟೆ. ಹೊರಗೆ ಬಂದ ಮೇಲೆ ಆಕೆಯ ಮುಖ ನೋಡುವ ಧೈರ್ಯವಾಗಲಿಲ್ಲ. ಆಕೆಯೇ, "ಬಿಡಿ ಸಾರ್, ಕೈ ನಂದೇ ತಾನೆ" ಎಂದಳು.

ತಿಂಗಳುಗಟ್ಟಲೆ ಅಲೆದಾಡಿದ್ದಕ್ಕೆ ಸಿಕ್ಕಿದ್ದು ಹೊಸ ನೇಮಕ. ಉಪನ್ಯಾಸಕಿಯಾದಳು, ನಿಜ, ಹಳೆಯ ಒಂಬತ್ತು ವರ್ಷ ಮಾತ್ರ ಅಳಿಸಿಹೋಯಿತು. ಹಾಜರಿ ಪುಸ್ತಕದಲ್ಲಿ ಹೆಸರುಗಳಿರುವುದು ಸೇವೆಯ ಹಿರಿತನದಂತೆ. ಮೂರನೆಯದಾಗಿದ್ದ ಆಕೆಯ ಹೆಸರು ಕಟ್ಟಕಡೆಗೆ ಇಳಿಯಿತು, ಆಕೆಯೇ ಪ್ರಯೋಗ ಕಲಿಸಿದ್ದ, ಈಗ ಇಲ್ಲೇ ಕೆಲಸಕ್ಕೆ ಸೇರಿದ್ದ ಶಿಷ್ಯನ ಹೆಸರಿನ ಕೆಳಕ್ಕೆ. ಆ ಹುಡುಗ ನಾಚಿಕೆಯಿಂದ ಆಕೆ ಸಹಿ ಹಾಕುವವರೆಗೂ ಪೆನ್ನು ಮುಟ್ಟುತ್ತಿರಲಿಲ್ಲ. "ಹಾಕಪ್ಪ ಸೀನಿಯರ್ರು" ಎಂದು ಆಕೆ ರೇಗಿಸುತ್ತಿದ್ದಳು.

ನಾನು ನಿವೃತ್ತನಾಗಿ ಆರು ವರ್ಷ. ಆಕೆ ಈಗಲೂ ಬಾಗಿಲು ತೆಗೆಯುವ ಮುಂಚೆಯೇ ಮೆಟ್ಟಿಲ ಮೇಲಿರುತ್ತಾಳೆ. ಓದಲು ರಜೆ ಕೇಳುವವರ ಅರ್ಜಿಗಳನ್ನು ತಾನೇ ಕುಳಿತು ಬರೆಸುತ್ತಾಳೆ, ನಿಯಮಗಳನ್ನು ಗಟ್ಟಿಯಾಗಿ ಓದಿ ಹೇಳುತ್ತಾಳೆ. ಮೊನ್ನೆ ಶನಿವಾರ ಹೋಗಿದ್ದೆ. ರಜೆಯಲ್ಲಿರುವ ಗಣಿತದ ಹುಡುಗಿಯೊಬ್ಬಳು ಮಕ್ಕಳಿಗೆ ಪಾಠ ಮಾಡಲೆಂದು ಬಂದಳು. ನಮ್ಮ ಮೇಡಂ ಬಾಗಿಲಿಗೆ ಅಡ್ಡ ನಿಂತು ಕೈ ಚಾಚಿದಳು.

"ಪಾಠ ಎಷ್ಟು ಬೇಕಾದ್ರೂ ಮಾಡಮ್ಮ. ಪೆನ್ನು ಮಾತ್ರ ಇಲ್ಲಿ ಕೊಟ್ಟು ಹೋಗು."